ಕಾದಂಬರಿಯ ‘ವ್ರಿಲ್’ ಮತ್ತು ದೊಡ್ಡಮ್ಮನ ಹಾಸಿಗೆ

ಈ ವಾರ ಒಂದು ಇಲ್ಲದ ಶಕ್ತಿಯ ಬಗ್ಗೆ ಮಾತಾಡೋಣ. ಅದರ ಹೆಸರು ‘ವ್ರಿಲ್’.

1871ರಲ್ಲಿ ಇಂಗ್ಲೆಂಡಿನಲ್ಲಿ ‘ದಿ ಕಮಿಂಗ್ ರೇಸ್’ ಅಂತ ಒಂದು ಕಾದಂಬರಿ ಬಂತು. ಮೊದಲು ಅದರ ಮೇಲೆ ಲೇಖಕರ ಹೆಸರೇ ಇರಲಿಲ್ಲ. ಬರೆದವರು ಎಡ್ವರ್ಡ್ ಬುಲ್ವರ್ ಲಿಟ್ಟನ್. ಲಿಟ್ಟನ್ ಅನ್ನೋ ಹೆಸರು ಎಲ್ಲೋ ಕೇಳಿದ ಹಾಗಿದೆ ಅಲ್ವಾ? ಇವರ ಮಗ ರಾಬರ್ಟ್ ಲಿಟ್ಟನ್ ಮುಂದೆ ಭಾರತದ ವೈಸ್‌ರಾಯ್ ಆದರು. ನಮ್ಮ ಮೈಸೂರು ಸೀಮೆಯಲ್ಲಿ ಧಾತು-ಈಶ್ವರ ಬರಕ್ಕೆ ಜನ ಸಾಯ್ತಿದ್ದಾಗ, 1877ರಲ್ಲಿ ದೆಹಲಿಯಲ್ಲಿ ವೈಭವದ ದರ್ಬಾರ್ ನಡೆಸಿದವರು ಅವರೇ. ಅದಕ್ಕೆ ಇನ್ನೊಂದು ಎಪಿಸೋಡೇ ಬೇಕು, ಬಿಡಿ.

ಕಾದಂಬರಿಗೆ ಬರೋಣ. ಒಬ್ಬಾತ ಗಣಿಯೊಳಗೆ ಇಳಿದು, ಭೂಮಿಯ ಕೆಳಗಿರೋ ಒಂದು ಲೋಕ ಸೇರ್ತಾನೆ. ಅಲ್ಲಿಯವರ ಹತ್ತಿರ ವ್ರಿಲ್ ಇದೆ. ಮೇಲಿನ ಲೋಕದವರು ವಿದ್ಯುತ್ತು, ಅಯಸ್ಕಾಂತ, ಬೆಳಕು ಅಂತ ಬೇರೆ ಬೇರೆ ಹೆಸರಿಟ್ಟಿದ್ದನ್ನ ಅವರು ಒಂದೇ ಶಕ್ತಿಯಾಗಿ ಹಿಡಿದಿದ್ದಾರೆ. ಅದರಿಂದಲೇ ದೀಪ, ಅದರಿಂದಲೇ ಯಂತ್ರ. ರೆಕ್ಕೆ ಕಟ್ಟಿಕೊಂಡು ಹಾರೋದು, ಕಾಯಿಲೆ ವಾಸಿ ಮಾಡೋದು ಎಲ್ಲ ಅದರಿಂದಲೇ. ಒಂದು ಟೊಳ್ಳು ಕೋಲಿನಲ್ಲಿ ಅದನ್ನ ಹಿಡಿದು ಓಡಾಡ್ತಾರೆ. ಮಕ್ಕಳ ಕೈಯಲ್ಲೂ ಆ ಕೋಲು ಇರುತ್ತೆ, ಬೇಕೆಂದರೆ ಊರನ್ನೇ ಸುಡಬಹುದು. ಎಲ್ಲರೂ ಎಲ್ಲರನ್ನೂ ಸುಡಬಲ್ಲರು ಅಂದಮೇಲೆ ಅಲ್ಲಿ ಯುದ್ಧವೇ ನಿಂತುಹೋಗಿದೆ. ಅಣುಬಾಂಬ್ ಬರೋದಕ್ಕೆ ಎಷ್ಟೋ ದಶಕ ಮೊದಲು ಬರೆದದ್ದು ಇದು!

ಇದು ಪೂರ್ತಿ ಗಾಳಿಗೋಪುರವೂ ಅಲ್ಲ. 1845ರಲ್ಲಿ ಮೈಕೆಲ್ ಫ್ಯಾರಡೆ, ಸೀಸ ಬೆರೆತ ದಪ್ಪ ಗಾಜನ್ನ ಅಯಸ್ಕಾಂತದ ಹತ್ತಿರ ಇಟ್ಟು, ಅದರ ಮೂಲಕ ಧ್ರುವೀಕರಿಸಿದ ಬೆಳಕು ಹಾಯಿಸಿದರು. ಬೆಳಕಿನ ಕಂಪನದ ದಿಕ್ಕು ಸ್ವಲ್ಪ ತಿರುಗಿತು. ಅಂದ್ರೆ ಬೆಳಕಿಗೂ ಅಯಸ್ಕಾಂತಕ್ಕೂ ನಂಟಿದೆ. 1865ರಲ್ಲಿ ಮ್ಯಾಕ್ಸ್‌ವೆಲ್ ಅದಕ್ಕೆ ಲೆಕ್ಕ ಕೊಟ್ಟರು: ಬೆಳಕೇ ಒಂದು ವಿದ್ಯುತ್ಕಾಂತೀಯ ಅಲೆ. ಕಾದಂಬರಿಯಲ್ಲಿ ಫ್ಯಾರಡೆ ಹೆಸರೇ ಬರುತ್ತೆ. ಲಿಟ್ಟನ್ ಆ ಕಾಲದ ಬಿಸಿಬಿಸಿ ವಿಜ್ಞಾನದ ಮೇಲೆ ಇನ್ನೊಂದು ಮಹಡಿ ಕಟ್ಟಿದರು, ಅಷ್ಟೇ. ಅದು ಕತೆಗಾರನ ಹಕ್ಕು.

ನಾನು ಬಿ.ಕಾಂ ಓದಿದವನು, ನನಗೆ ಇಲ್ಲಿಂದ ಮುಂದೆಯೇ ಮಜಾ. 1880ರ ದಶಕದಲ್ಲಿ ಒಂದು ದನದ ಮಾಂಸದ ಸಾರಕ್ಕೆ ‘ಬೋವ್ರಿಲ್’ ಅಂತ ಹೆಸರಿಟ್ಟರು. ಲ್ಯಾಟಿನ್ನಿನಲ್ಲಿ ದನಕ್ಕೆ ‘ಬೋಸ್’, ಅದರ ಜೊತೆ ನಮ್ಮ ವ್ರಿಲ್. ಬ್ರಿಟನ್ನಿನ ಅಂಗಡಿಗಳಲ್ಲಿ ಇವತ್ತಿಗೂ ಸಿಗುತ್ತೆ. 1891ರ ಮಾರ್ಚಿನಲ್ಲಿ ಲಂಡನ್ನಿನ ರಾಯಲ್ ಆಲ್ಬರ್ಟ್ ಹಾಲಿನಲ್ಲಿ ವ್ರಿಲ್ ಹೆಸರಲ್ಲಿ ಜಾತ್ರೆಯೇ ನಡೆಯಿತು, ಜನ ಪಾತ್ರಗಳ ವೇಷ ಹಾಕ್ಕೊಂಡು ಬಂದರು. ಇಲ್ಲಿತನಕ ಯಾರಿಗೂ ಮೋಸ ಇಲ್ಲ. ಆದರೆ ಥಿಯಾಸಫಿಯ ಬ್ಲಾವಟ್ಸ್ಕಿ 1877ರ ತಮ್ಮ ಪುಸ್ತಕದಲ್ಲೇ ವ್ರಿಲ್ ನಿಜವಾದ ಶಕ್ತಿ ಅನ್ನೋ ಹಾಗೆ ಬರೆದಿದ್ದರು. ಎರಡನೇ ಮಹಾಯುದ್ಧದ ನಂತರ, ಜರ್ಮನಿಯಲ್ಲಿ ವ್ರಿಲ್ ಗುಪ್ತಸಂಘ ಇತ್ತು, ಹಾರುವ ತಟ್ಟೆ ಮಾಡಿದ್ದರು ಅಂತೆಲ್ಲ ಕತೆ ಬೆಳೀತು. ಯೂಟ್ಯೂಬಲ್ಲಿ ಈಗಲೂ ಓಡ್ತಿದೆ.

ನಮ್ಮ ಮನೆಗೂ ಬಂತು, ಬೇರೆ ಹೆಸರಲ್ಲಿ. ಎರಡು ವರ್ಷದ ಹಿಂದೆ ನಮ್ಮ ದೊಡ್ಡಮ್ಮ ಒಂದು ಛತ್ರದಲ್ಲಿ ನಡೆದ ಮೀಟಿಂಗಿಗೆ ಹೋಗಿ, ಲಕ್ಷದ ಮೇಲೆ ಕೊಟ್ಟು ಹಾಸಿಗೆ ತಂದರು. ಒಳಗೆ ಅಯಸ್ಕಾಂತ, ಜೊತೆಗೆ ಇನ್‌ಫ್ರಾರೆಡ್ ಬೆಳಕಿನ ಶಕ್ತಿ! ರಕ್ತದಲ್ಲಿ ಕಬ್ಬಿಣ ಇದೆ, ಅಯಸ್ಕಾಂತ ಅದನ್ನ ಎಳೆದು ರಕ್ತ ಓಡಿಸುತ್ತೆ ಅಂತ ಹೇಳಿದ್ದರಂತೆ. “ದೊಡ್ಡಮ್ಮ, ನೀವು ಎಂಆರ್‌ಐ ಮಾಡಿಸಿದ್ರಲ್ಲ?” ಅಂದೆ. “ಹೂಂ ಕಣೋ, ಮಂಡಿಗೆ.” ಆ ಯಂತ್ರದ ಅಯಸ್ಕಾಂತ ಸಾಮಾನ್ಯವಾಗಿ 1.5 ಟೆಸ್ಲಾ, ಹಾಸಿಗೆಯದು ಅದರ ಮುಂದೆ ಆಟಿಕೆ. ರಕ್ತದ ಕಬ್ಬಿಣ ಮೊಳೆಯ ಕಬ್ಬಿಣದ ಥರ ಅಂಟಿಕೊಳ್ಳೋ ಹಾಗಿದ್ದಿದ್ರೆ, ಆ ಯಂತ್ರದೊಳಗೆ ಹೋದವರ ಗತಿ ಏನಾಗ್ತಿತ್ತು?

ದೊಡ್ಡಮ್ಮ ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, “ಮೊದಲೇ ಹೇಳಬಾರದಿತ್ತಾ?” ಅಂದರು. ಅವರ ಕೆಳಗೆ ಇನ್ನಿಬ್ಬರು ಸೇರಿದ್ದರು, ಒಬ್ಬರು ಪಕ್ಕದ ಮನೆಯವರು. ಅವತ್ತು ಸಾಯಂಕಾಲವೇ ಅವರ ಮನೆಗೆ ಹೋಗಿ ವಿಷಯ ಹೇಳಿಬಂದರು. ಹಾಸಿಗೆಯ ಕಂತು ಇನ್ನೂ ಏಳು ಬಾಕಿ ಇದೆ.