ಚಿತ್ರದ ಬೊಂಬೆಯ ನಗೆ ಯಾರಿಗೆ?

(ಬಿಬವೇವಾಡಿಯ ಉಚಿತ ವಾಚನಾಲಯದ ರವಿವಾರದ ಕೂಟದಲ್ಲಿ ಆಡಿದ ಮಾತು)



ನಾನು ವಿದ್ವಾಂಸನಲ್ಲ, ಗಿರಣಿಯಲ್ಲಿ ಲೆಕ್ಕ ಬರೆಯುವ ಗುಮಾಸ್ತ. ಮನೆಯಲ್ಲಿ ನಡೆದ ಒಂದು ಸಂಗತಿಯಿಂದ ಈ ವಿಷಯ ಹೊಳೆಯಿತು. ಊರಿನಿಂದ ಬಂದ ನಮ್ಮ ಮಾವನವರ ಮುಂದೆ ನನ್ನ ಏಳು ವರ್ಷದ ಮಗ ಚಡ್ಡಿ ಜಾರಿಸಿ ಕುಣಿದ. ನಾನು ಕೈಯೆತ್ತಿದೆ. "ಅಪ್ಪಾ, ಶಿನ್‌ಚಾನ್ ಹಿಂಗ ಕುಣದಾಗ ನೀನೂ ನಕ್ಕಿದ್ದಿಲ್ಲೇನು?" ಎಂದ. ಎತ್ತಿದ ಕೈ ಕೆಳಗಿಳಿಯಿತು.

ಈ ಶಿನ್‌ಚಾನ್ ಯಾರು? 1990ರಲ್ಲಿ ಜಪಾನಿನ ಯೋಶಿತೊ ಉಸುಯಿ ಎಂಬವರು ವಯಸ್ಕರು ಓದುವ ಒಂದು ವಾರಪತ್ರಿಕೆಯಲ್ಲಿ ಬರೆದ ಚಿತ್ರಕಥೆಯ ಪೋರ. 1992ರಲ್ಲಿ ಅಲ್ಲಿಯ ಟೀವಿಗೆ ಬಂದ. 2006ರಲ್ಲಿ ಹಿಂದಿ ಮಾತಾಡುತ್ತ ನಮ್ಮಲ್ಲಿಯ ಮಕ್ಕಳ ವಾಹಿನಿ ಹಂಗಾಮಾದಲ್ಲಿ ಕಾಣಿಸಿಕೊಂಡ. ಪಾಲಕರ ದೂರುಗಳ ಮೇಲೆ 2008ರಲ್ಲಿ ಕೇಂದ್ರದ ವಾರ್ತಾ ಮತ್ತು ಪ್ರಸಾರ ಖಾತೆ ಅವನನ್ನು ತಡೆಯಿತು. ಮರುವರ್ಷ ಕತ್ತರಿ ಆಡಿಸಿಕೊಂಡು ಮರಳಿದ. ಬೊಂಬೆ ಎಂದ ಮಾತ್ರಕ್ಕೆ ಮಕ್ಕಳದೆಂದು ಬಗೆದದ್ದೇ ಮೊದಲ ತಪ್ಪು.

ಅಮೆರಿಕದಲ್ಲಿ 1999ರಿಂದ ಬಂದ 'ಫ್ಯೂಚರಾಮಾ' ಎಂಬ ಬೊಂಬೆಯಾಟವೂ ದೊಡ್ಡವರದೇ. ಪಿಜ್ಜಾ ಹಂಚುವ ಹುಡುಗನೊಬ್ಬ ಹಿಮಗಟ್ಟಿ, ಸಾವಿರ ವರ್ಷದ ಮೇಲೆ ಕಣ್ಣು ತೆರೆಯುತ್ತಾನೆ. ಅವನ ಗೆಳೆಯ ಯಂತ್ರಮಾನವನಿಗೆ ಕುಡಿಯದಿದ್ದರೇ ಅಮಲು! ಕುಡಿಯುವವನು ತಗಡು, ಕಾಲ ಮುಂದಿನದು. ಆ ಮರೆಯಲ್ಲಿ ಇಂದಿನ ಚಟ, ವ್ಯಾಪಾರ, ರಾಜಕಾರಣಗಳನ್ನು ಕುಟುಕುತ್ತಾರೆ. ಇಂಥ ನಗೆ ದೊಡ್ಡವರಿಗೆ ಬೇಕು. ಅದನ್ನು ಸುಟ್ಟುಹಾಕೆಂದು ನಾನು ಹೇಳಲಾರೆ. ಅಲ್ಲಿ ಆಂಟೆನಾ ಹಿಡಿಯುವ ಪ್ರಸಾರದಲ್ಲಿ ಬೆಳಿಗ್ಗೆ 6ರಿಂದ ರಾತ್ರಿ 10ರವರೆಗೆ ಅಸಭ್ಯವಾದದ್ದು ಬರಕೂಡದೆಂಬ ನಿಯಮವಿದೆ. ಕೇಬಲ್ಲಿಗೆ ಆ ಕಟ್ಟಿಲ್ಲ.

ನಮ್ಮಲ್ಲಿ ಚಿತ್ರಮಂದಿರಕ್ಕೆ ಬರುವ ಸಿನಿಮಾಕ್ಕೆ 1952ರ ಕಾಯ್ದೆಯಂತೆ ಮೊದಲೇ ಪ್ರಮಾಣಪತ್ರ ಬೇಕು. ಟೀವಿಯ ಧಾರಾವಾಹಿಗೆ ಅದಿಲ್ಲ. 1995ರ ಕೇಬಲ್ ಕಾಯ್ದೆಯ ಕೆಳಗೆ ಕಾರ್ಯಕ್ರಮ ಸಂಹಿತೆಯುಂಟು, ದೂರು ಬರುವುದು ನೋಡಿದ ಮೇಲೆ. ಅಂತರಜಾಲದ ಚಿತ್ರಗಳಿಗೆ 2021ರ ನಿಯಮಗಳು 7, 13, 16 ಮತ್ತು ವಯಸ್ಕ ಎಂಬ ಚೀಟಿ ಹಚ್ಚಿಸಿದವು. ಕತ್ತರಿಗಿಂತ ಈ ಚೀಟಿಯೇ ಮೇಲೆಂದು ನನ್ನ ಮತ. ಆದರೆ ಚೀಟಿಯನ್ನು ಓದುವವರು ಬೇಕಲ್ಲ!

ನಮ್ಮೂರ ಬಯಲಾಟ ನೆನೆಯಿರಿ. ಅಲ್ಲಿಯೂ ಪೋಲಿ ಮಾತುಂಟು. ಆದರೆ ಚತುರ ಹಾಸ್ಯಗಾರ ಮುಂದೆ ಕುಳಿತವರನ್ನು ನೋಡುತ್ತಾನೆ. ಮಕ್ಕಳು ನಿದ್ದೆಹೋದ ಮೇಲೆ ನಾಲಗೆ ಸಡಿಲಿಸುತ್ತಾನೆ. ಟೀವಿಗೆ ಕಣ್ಣಿಲ್ಲ. ಆ ಕಣ್ಣು ನಾವಾಗಬೇಕು.

ಪಾಳಿ ಮುಗಿಸಿ ದಣಿದು ಬರುವ ನಾವು, ಮಕ್ಕಳು ಸುಮ್ಮನಿದ್ದರೆ ಸಾಕೆಂದು ಗುಂಡಿ ಒತ್ತುತ್ತೇವೆ. ನಾನೂ ಹಾಗೆಯೇ ಮಾಡಿದೆ. ಈಗ ದಿನಕ್ಕೆ ಅರ್ಧ ತಾಸು ಮಗನ ಪಕ್ಕದಲ್ಲಿ ಕೂತು ನೋಡುತ್ತೇನೆ. ನಗೆ ಬಂದರೆ ಇಬ್ಬರೂ ನಗುತ್ತೇವೆ. ತಪ್ಪೆನಿಸಿದ್ದನ್ನು ಅಲ್ಲಿಯೇ ಮಾತಾಡುತ್ತೇವೆ. ಮಾವನವರು ಮುಂದಿನ ತಿಂಗಳು ಮತ್ತೆ ಬರುತ್ತಾರೆ; ಪರೀಕ್ಷೆ ಅಂದೇ.