ಖಳನಿಲ್ಲದ ಕಥೆಗಳು

(ಚಲನಚಿತ್ರ ರಸಗ್ರಹಣ ಶಿಬಿರವೊಂದರಲ್ಲಿ ಮಾಡಿದ ಭಾಷಣದ ಆಯ್ದ ಭಾಗ)



ಗಿರೀಶ ಕಾಸರವಳ್ಳಿಯವರ ಮುಖ್ಯ ಚಿತ್ರಗಳಲ್ಲಿ ಖಳನಾಯಕನನ್ನು ಹುಡುಕಿ ನೋಡಿ, ಸಿಗುವುದು ಕಷ್ಟ. ಆದರೆ ಅನ್ಯಾಯ ಎದ್ದು ಕಾಣುತ್ತದೆ. ಹಾಗಾದರೆ ಅದನ್ನು ಮಾಡಿದವರು ಯಾರು? ಅವರ ನಾಲ್ಕು ದಶಕಗಳಿಗೂ ಮೀರಿದ ಕೆಲಸವನ್ನು ಈ ಪ್ರಶ್ನೆ ಹಿಡಿದು ನೋಡಬೇಕೆಂಬುದು ನನ್ನ ಅಭಿಪ್ರಾಯ.

ತೀರ್ಥಹಳ್ಳಿ ಸೀಮೆಯ ಈ ನಿರ್ದೇಶಕರು ಪುಣೆಯ ಫಿಲಂ ಇನ್‌ಸ್ಟಿಟ್ಯೂಟ್‌ನಲ್ಲಿ ಕಲಿತು ಬಂದು, 1977ರಲ್ಲಿ ಯು.ಆರ್. ಅನಂತಮೂರ್ತಿಯವರ ಕಥೆಯನ್ನು ಆಧರಿಸಿ 'ಘಟಶ್ರಾದ್ಧ' ಮಾಡಿದರು. ಗರ್ಭಿಣಿಯಾದ ವಿಧವೆ ಯಮುನೆಗೆ ಬದುಕಿರುವಾಗಲೇ ಶ್ರಾದ್ಧ ಮಾಡುವವರು ಹೆತ್ತ ತಂದೆ. ಅವರು ವೇದಪಾಠಶಾಲೆ ನಡೆಸುವ ಸಂಪ್ರದಾಯಸ್ಥರು. ಶಾಸ್ತ್ರ ಹೇಳಿದ್ದನ್ನು ಮಾಡುತ್ತಾರೆ, ಅಷ್ಟೆ. ಇದನ್ನೆಲ್ಲ ನೋಡುವ ಪುಟ್ಟ ವಿದ್ಯಾರ್ಥಿ ನಾಣಿಗೆ ಶಾಸ್ತ್ರ ತಿಳಿಯದು. ಯಮುನಕ್ಕ ಒಂಟಿಯಾದಳೆಂಬುದು ಮಾತ್ರ ತಿಳಿಯುತ್ತದೆ.

ಪೂರ್ಣಚಂದ್ರ ತೇಜಸ್ವಿಯವರ ಕಥೆಯಿಂದ ಬಂದ 'ತಬರನ ಕಥೆ'ಯಲ್ಲಿ ತಬರ ಪಿಂಚಣಿಗಾಗಿ ಅಲೆಯುತ್ತಾನೆ. ಸಕ್ಕರೆ ಕಾಯಿಲೆಯಿಂದ ಹೆಂಡತಿಯ ಕಾಲು ಕೊಳೆಯುತ್ತಿದೆ. ಕಚೇರಿಯಲ್ಲಿ ಅವನ ಮೇಲೆ ಯಾರಿಗೂ ಹಗೆಯಿಲ್ಲ. ಒಬ್ಬರಿಗೆ ಒಂದು ಕಾಗದ ಬೇಕು, ಇನ್ನೊಬ್ಬರಿಗೆ ಒಂದು ಸಹಿ ಬೇಕು. ಕೊನೆಗೆ ಅವನು ಮಾಂಸದಂಗಡಿಯವನ ಬಳಿ ಹೋಗಿ, ಹೆಂಡತಿಯ ಕಾಲು ಕತ್ತರಿಸಿಕೊಡೆಂದು ಬೇಡುತ್ತಾನೆ. ಹಣ ಮಂಜೂರಾಗುವಾಗ ಅವಳೇ ಇಲ್ಲ. ಚಾರುಹಾಸನ್ ಅವರಿಗೆ ರಾಷ್ಟ್ರಪ್ರಶಸ್ತಿ ತಂದ ಪಾತ್ರವಿದು.

ನಾ. ಡಿಸೋಜಾ ಅವರ ಕಾದಂಬರಿಯನ್ನಾಧರಿಸಿದ 'ದ್ವೀಪ'ವನ್ನು (2002) ನಟಿ ಸೌಂದರ್ಯ ತಾವೇ ನಿರ್ಮಿಸಿ, ನಾಗಿಯಾಗಿ ನಟಿಸಿದರು. ಅಣೆಕಟ್ಟಿನ ನೀರು ಏರುತ್ತಿರುವಾಗ ಮನೆ ಉಳಿಸಲು ಹೆಣಗಿದವಳು ನಾಗಿ. ಗಂಡ ಮಾತ್ರ ಎಲ್ಲವೂ ದೇವರ ಕೃಪೆ ಎನ್ನುತ್ತಾನೆ. ವೈದೇಹಿಯವರ ಕಥೆಯನ್ನಾಧರಿಸಿದ 'ಗುಲಾಬಿ ಟಾಕೀಸ್' (2008) ನೋಡಿ. ಸೂಲಗಿತ್ತಿ ಗುಲಾಬಿಯ ಮನೆಗೆ ಟೀವಿ ನೋಡಲು ಬರುತ್ತಿದ್ದ ಊರೇ, 1999ರ ಕಾರ್ಗಿಲ್ ಯುದ್ಧದ ಹೊತ್ತಿಗೆ ಆ ಮುಸ್ಲಿಂ ಹೆಂಗಸನ್ನು ಹೊರಗಿನವಳಂತೆ ಕಾಣತೊಡಗುತ್ತದೆ.

ಖಳನಿದ್ದರೆ ಪ್ರೇಕ್ಷಕನಿಗೆ ಅನುಕೂಲ. ಅವನನ್ನು ಶಪಿಸಿ, ಅವನು ಸೋತಾಗ ಚಪ್ಪಾಳೆ ತಟ್ಟಿ ಮನೆಗೆ ಹೋಗಬಹುದು. ಇಲ್ಲಿ ಆ ಸೌಲಭ್ಯವಿಲ್ಲ. ತಂದೆ, ಗುಮಾಸ್ತ, ಗಂಡ, ನೆರೆಮನೆಯವರು, ಇವರೆಲ್ಲ ನಾವೇ. ಇಂಥ ಚಿತ್ರಕ್ಕೆ ಟಿಕೆಟ್ ಕೊಳ್ಳುವವರು ಕಡಿಮೆ, ಹಣ ಹೂಡುವವರು ಇನ್ನೂ ಕಡಿಮೆ. ಅತ್ಯುತ್ತಮ ಚಿತ್ರಕ್ಕೆ ಕೊಡುವ ಸ್ವರ್ಣಕಮಲವನ್ನು ನಾಲ್ಕು ಬಾರಿ ಪಡೆದ ಈ ನಿರ್ದೇಶಕರ 'ಕೂರ್ಮಾವತಾರ' (2011) ಬಂದ ಮೇಲೆ, ಮುಂದಿನ ಕಥಾಚಿತ್ರ 'ಇಲ್ಲಿರಲಾರೆ ಅಲ್ಲಿಗೆ ಹೋಗಲಾರೆ' ಬರಲು 2020 ಆಗಬೇಕಾಯಿತು.

'ಘಟಶ್ರಾದ್ಧ'ದ ಹಳೆಯ ಪ್ರತಿಯನ್ನು ಜೀರ್ಣೋದ್ಧಾರ ಮಾಡಿ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದರು. ಸಂತೋಷದ ಸಂಗತಿ. ಆದರೆ ಉಡುಪರ ಮನೆಯ ಜಗಲಿ, ತಬರ ಕಾದು ನಿಂತ ಕಚೇರಿಯ ಬಾಗಿಲು ಇರುವುದು ನಮ್ಮ ಊರುಗಳಲ್ಲಿ. ನೀವು ನಿಮ್ಮ ಕಾಲೇಜುಗಳಿಗೆ ಮರಳಿದ ಮೇಲೆ, ಈ ಚಿತ್ರಗಳಲ್ಲಿ ಒಂದನ್ನಾದರೂ ತರಿಸಿ, ನಾಲ್ಕು ಜನ ಜೊತೆಗೆ ಕೂತು ನೋಡಿ. ನೋಡಿದ ಮೇಲೆ ತಪ್ಪು ಯಾರದೆಂದು ಚರ್ಚೆ ಮಾಡಿ. ಆ ಚರ್ಚೆ ಬೇಗ ಮುಗಿಯುವುದಿಲ್ಲ.