ಮಳೆ ಕಣಕುಂಬಿಯಲ್ಲಿ, ನೀರು ನಮ್ಮ ಹೊಸ್ತಿಲಲ್ಲಿ

(ಮುನವಳ್ಳಿಯ ಸ್ವಸಹಾಯ ಸಂಘಗಳ ಸಭೆಯಲ್ಲಿ ಮಾಡಿದ ಭಾಷಣ)



2019ರ ಆಗಸ್ಟ್‌ನಲ್ಲಿ ಮಲಪ್ರಭೆ ಊರೊಳಗೆ ಬಂದದ್ದನ್ನು ನೀವ್ಯಾರೂ ಮರೆತಿಲ್ಲ. ಆಮೇಲೆ ಒಂದು ಸಭೆಯಲ್ಲಿ ಒಬ್ಬ ತಾಯಿ ಕೇಳಿದರು: "ಸಿಸ್ಟರ್, ಬಿತ್ತಾಕ ಮಳಿ ಇಲ್ಲ ಅಂತ ಮುಗಿಲು ನೋಡ್ಕೋತ ಕುಂತಿದ್ವಿ. ಇಷ್ಟು ನೀರು ಎಲ್ಲಿಂದ ಬಂತ್ರಿ?" ಒಳ್ಳೆಯ ಪ್ರಶ್ನೆ. ಉತ್ತರ ನಮ್ಮ ಮುಗಿಲಲ್ಲಿಲ್ಲ, ಪಡುವಣ ಗುಡ್ಡಗಳಲ್ಲಿದೆ.

ಅನ್ನದ ಪಾತ್ರೆಯ ಮುಚ್ಚಳ ತೆಗೆದು ನೋಡಿದ್ದೀರಲ್ಲ? ಬಿಸಿ ಹಬೆ ತಣ್ಣನೆಯ ಮುಚ್ಚಳಕ್ಕೆ ತಾಗಿ ಹನಿಯಾಗಿರುತ್ತದೆ. ಮುಂಗಾರಿನ ಗಾಳಿಯೂ ಅರಬ್ಬಿ ಸಮುದ್ರದಿಂದ ಹಬೆ ಹೊತ್ತು ಬರುತ್ತದೆ. ಸಹ್ಯಾದ್ರಿ ಅಡ್ಡ ನಿಂತಾಗ ಅದು ಮೇಲೇರಲೇಬೇಕು. ಮೇಲೆ ಹೋದಂತೆ ಚಳಿ; 1,000 ಮೀಟರ್ ಏರಿದರೆ ಸುಮಾರು 6 ಡಿಗ್ರಿ ಉಷ್ಣ ಇಳಿಯುತ್ತದೆ. ಹಬೆ ಹನಿಯಾಗಿ ಅಲ್ಲೇ ಸುರಿಯುತ್ತದೆ. ಗುಡ್ಡ ದಾಟಿ ಈ ಕಡೆ ಇಳಿಯುವ ಗಾಳಿ ಮತ್ತೆ ಬಿಸಿಯಾಗಿ ಒಣಗುತ್ತದೆ. ಇದಕ್ಕೇ ಮಳೆ ನೆರಳು ಅನ್ನುತ್ತಾರೆ. ನಾವಿರುವುದು ಆ ನೆರಳಲ್ಲಿ.

ನಮ್ಮ ಮಲಪ್ರಭೆ ಹುಟ್ಟುವುದು ಖಾನಾಪುರ ತಾಲೂಕಿನ ಕಣಕುಂಬಿಯಲ್ಲಿ, ಇಲ್ಲಿಂದ ನೇರವಾಗಿ ಸುಮಾರು 100 ಕಿ.ಮೀ. ಅಲ್ಲಿ ವರ್ಷದ ಮಳೆ 3,000 ಮಿ.ಮೀ. ದಾಟುತ್ತದೆ. ನಮ್ಮ ಸವದತ್ತಿ ಸೀಮೆಯಲ್ಲಿ 600ರ ಆಸುಪಾಸು. ಇಂಗದೆ, ಹರಿಯದೆ ನಿಂತರೆ ನಮ್ಮದು ಎರಡು ಅಡಿ ನೀರು, ಅವರದು ಹತ್ತು ಅಡಿ, ಮನೆಯ ಮಾಳಿಗೆ ಮಟ್ಟ!

"ಎಲ್ಲಮ್ಮನ ಗುಡ್ಡ ಮಳಿ ಯಾಕ ತರೂದಿಲ್ಲ?" ಅಂತ ಕೆಲವರು ಕೇಳುತ್ತಾರೆ. ಅದು ಸಣ್ಣ ಗುಡ್ಡ. ಮೇಲಾಗಿ ಇಲ್ಲಿಗೆ ಬರುವಷ್ಟರಲ್ಲಿ ಗಾಳಿಯ ಕೊಡ ಅರ್ಧಕ್ಕರ್ಧ ಖಾಲಿಯಾಗಿರುತ್ತದೆ.

ಸೆಪ್ಟೆಂಬರ್, ಅಕ್ಟೋಬರ್ ಮಳೆಯ ಲೆಕ್ಕ ಬೇರೆ. ಬಿಸಿಲಿಗೆ ಕಾದ ನೆಲದಿಂದ ಮೋಡ ಎದ್ದು ಗುಡುಗಿ ಸುರಿಯುತ್ತದೆ. ಬಂಗಾಳ ಕೊಲ್ಲಿಯ ಕಡೆಯಿಂದಲೂ ಬರುತ್ತದೆ. ಅದಕ್ಕೆ ಸಹ್ಯಾದ್ರಿ ಅಡ್ಡಿಯಿಲ್ಲ. ಹಿಂಗಾರಿ ಜೋಳ, ಕಡಲೆ ಈ ಮಳೆಯನ್ನೇ ನಂಬಿವೆ. ಆದ್ದರಿಂದ ಬೀಜದ ಸಾಲವನ್ನೆಲ್ಲ ಜೂನ್‌ನಲ್ಲೇ ಹಂಚಿಬಿಡಬೇಡಿರಿ. ಒಂದು ಮಳೆ ಬಿತ್ತೆಂದು ಬಿತ್ತಿ, ಬೀಜ ಕಮರಿದರೂ ಕಂತು ಕಟ್ಟಲೇಬೇಕಲ್ಲ? ಒಂದು ಪಾಲು ಹಿಂಗಾರಿಗೆ ಇರಲಿ. ನೆಲ ಚೆನ್ನಾಗಿ ಹಸಿಯಾದ ಮೇಲೆ ಉಳಿದ ಮಾತು.

ಇನ್ನು ಹೊಳೆಯ ಮಾತು. ಖಾನಾಪುರದ ಕಡೆಯಿಂದ ಮಲಪ್ರಭೆಯಲ್ಲಿ ಹರಿಯುವ ನೀರು ನವಿಲುತೀರ್ಥದ ಅಣೆಕಟ್ಟಿಗೆ ಬರುತ್ತದೆ, ನಾವು ಅದರ ಕೆಳಗಿದ್ದೇವೆ. ಜಲಾಶಯದ ಪೂರ್ಣ ಮಟ್ಟ 2,079.50 ಅಡಿ. ತುಂಬುತ್ತಾ ಬಂದಾಗ ಗೇಟು ತೆಗೆಯಲೇಬೇಕು. ನಮ್ಮ ಅಂಗಳದಲ್ಲಿ ಬಿಸಿಲಿದ್ದರೂ ಸರಿ, ನೀರು ಬರುತ್ತದೆ. ಆದ್ದರಿಂದ ಮಳೆಗಾಲದಲ್ಲಿ ಪ್ರತಿ ಸಂಘದಲ್ಲಿ ಒಬ್ಬರು ದಿನಾ ಎರಡು ಸುದ್ದಿ ನೋಡಬೇಕು: ಖಾನಾಪುರದ ಮಳೆ, ಜಲಾಶಯದ ಮಟ್ಟ. ಹೊಳೆದಂಡೆಯ ಸದಸ್ಯರಿಗೆ ಮೊದಲು ಫೋನು.

2019ರಲ್ಲಿ ಒಂದು ಸಂಘದ ಲೆಕ್ಕದ ಪುಸ್ತಕ ತೊಯ್ದು ಮುದ್ದೆಯಾಯಿತು. ಯಾರು ಎಷ್ಟು ಕಟ್ಟಿದ್ದರು ಅಂತ ತಿಂಗಳುಗಟ್ಟಲೆ ಜಗಳ. ಮೇಲಿಡಿರಿ ಅಂತ ನಾನೂ ಮೊದಲೇ ಹೇಳಿರಲಿಲ್ಲ, ಅದು ನನ್ನ ತಪ್ಪು. ಈಗ ಹೇಳುತ್ತಿದ್ದೇನೆ: ಪಾಸ್‌ಬುಕ್, ಠರಾವು ಪುಸ್ತಕ, ರೇಷನ್ ಕಾರ್ಡು ಒಂದು ದಪ್ಪ ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಿ, ಎತ್ತರದ ಓಣಿಯ ಸದಸ್ಯರ ಮನೆಯಲ್ಲಿ ಇಡಿರಿ. ಯಾರ ಮನೆ ಅಂತ ಇವತ್ತೇ, ಏಳುವ ಮುಂಚೆ, ಠರಾವು ಬರೆದುಬಿಡೋಣ.